ಪೂರ್ತಿ ಓದದ ತೀರ್ಪು

ಖಾನಾಪುರದ ಕುರುಬರ ಮನೆಯಿಂದ ಬಂದು ಬೆಳಗಾವಿಯಲ್ಲಿ ವಕೀಲಿ ಕಲಿಯುತ್ತಿದ್ದ ನೀಲಾ, ಪದ್ಮವ್ವ ಎಂಬಾಕೆಯ ಮಗನಿಗಾಗಿ ಮೊದಲ ಸಲ ತಾನೇ ಜಾಮೀನು ಅರ್ಜಿ ಬರೆದಿದ್ದಳು. ಆಧಾರಕ್ಕೆಂದು ಹೈಕೋರ್ಟಿನ ತೀರ್ಪೊಂದನ್ನು ಹುಡುಕಿ, ಮೇಲಿನ ಸಾರಾಂಶವನ್ನಷ್ಟೇ ಓದಿ ಸೇರಿಸಿದ್ದಳು. ಕೋರ್ಟಿನಲ್ಲಿ ಕುಳಿತು ಪೂರ್ತಿ ಓದಿದಳು. ಕೊನೆಯ ಪುಟದಲ್ಲಿ ನ್ಯಾಯಮೂರ್ತಿಗಳು ಜಾಮೀನನ್ನೇ ನಿರಾಕರಿಸಿದ್ದರು.

ಅಷ್ಟರಲ್ಲಿ ಪದ್ಮವ್ವನ ಮಗನ ಕೇಸು ಕೂಗಿದರು. ನೀಲಾಳಿಗೆ ಕೆಲಸ ಕಲಿಸುತ್ತಿದ್ದ ಹಿರಿಯ ವಕೀಲ ಪಂಢರಿನಾಥರು ಎದ್ದು ಅದೇ ತೀರ್ಪಿಗೆ ಕೈಹಾಕಿದರು. ನೀಲಾ ಅವರ ಕರಿಕೋಟು ಜಗ್ಗಿದಳು.

"ಸರ್, ಅದನ್ನ ಓದಬ್ಯಾಡ್ರಿ. ನಾ ಪೂರ್ತಿ ನೋಡಿದ್ದಿಲ್ಲ."

ಅವರು ಹಾಳೆ ಮಡಚಿ, ಮುಂದಿನ ವಾರಕ್ಕೆ ತಾರೀಖು ಕೇಳಿ ಪಡೆದರು.

ಹೊರಗೆ ನೀಲಾ ಬೈಗುಳಕ್ಕೆ ಕಾದಳು. ಮರದ ಕೆಳಗೆ ಮಗನಿಗಾಗಿ ಬುತ್ತಿ ಹಿಡಿದು ಕುಳಿತಿದ್ದ ಪದ್ಮವ್ವನನ್ನು ಪಂಢರಿನಾಥರು ತೋರಿಸಿದರು.

"ನನಗೇನೂ ಹೇಳಬ್ಯಾಡ. ಮಗಾ ಇನ್ನೊಂದು ವಾರ ಹಿಂಡಲಗಾ ಜೈಲಿನ್ಯಾಗ ಯಾಕ ಇರಬೇಕಂತ ಆಕಿಗೆ ಹೋಗಿ ನೀನೇ ಹೇಳು."