ಎಡ ಮೊಣಕಾಲಿನ ಹರಕೆ

ದೇವಿಯ ಉಪಕಾರವನ್ನು ಬಾಯಿ ತುಂಬ ಹೇಳಿಕೊಂಡದ್ದಕ್ಕೇ ನನ್ನ ಆಟ ಕೈತಪ್ಪಿ ಹೋಯಿತು. ಭಕ್ತರಿಗೆ ಬರೆಯುವಾಗ ಹೀಗೆ ಶುರುಮಾಡುವುದು ಸರಿಯಲ್ಲ ಎಂದು ನಿಮಗೆ ಅನ್ನಿಸಬಹುದು. ಆದರೆ ನಡೆದದ್ದು ಹಾಗೆಯೇ. ಕೊನೆಗೆ ದೇವಿ ಕೈಹಿಡಿದಳು ಎಂಬುದೂ ಅಷ್ಟೇ ನಿಜ, ಅದನ್ನು ಹೇಳಲೆಂದೇ ಕೂತಿದ್ದೇನೆ.

ನಾನು ಉಡುಪಿ ಕಡೆಯವಳು. ಇವಳಿಗೆ ಗಂಡು ಎಲ್ಲಿಂದ ಹುಡುಕುವುದು ಎಂದು ನೆಂಟರು ತಲೆಕೆಡಿಸಿಕೊಳ್ಳುವಷ್ಟು ಎತ್ತರ. ಮಂಗಳೂರಿನ ಕಾಲೇಜಿನಲ್ಲಿ ಆ ಎತ್ತರವೇ ನನ್ನನ್ನು ಬಾಸ್ಕೆಟ್‌ಬಾಲ್ ತಂಡಕ್ಕೆ ಸೇರಿಸಿತು. ಎರಡನೇ ವರ್ಷದಲ್ಲಿ ಆಡುವಾಗ ಎಡ ಮೊಣಕಾಲಿನ ಲಿಗಮೆಂಟ್ ಹರಿದು ಆಪರೇಷನ್ ಆಯಿತು. ಅಮ್ಮ ಊರಿನ ದೇವಿಗೆ ಬೆಳ್ಳಿಯ ಕಾಲು ಒಪ್ಪಿಸುವ ಹರಕೆ ಹೇಳಿಕೊಂಡರು. ಮರುವರ್ಷ ನಾನು ಪುನಃ ಅಂಕಣಕ್ಕಿಳಿದೆ. ಧಾರಾಳವಾಗಿ ಆಡಬಹುದು ಎಂದು ಡಾಕ್ಟರು ಹೇಳಿದ್ದರು. ಅಂಗೈಯಗಲದ ಆ ಬೆಳ್ಳಿಕಾಲನ್ನು ಒಪ್ಪಿಸಲು ದೇವಸ್ಥಾನಕ್ಕೆ ಹೋದ ದಿನ ನಮ್ಮ ಜೊತೆ ವಿನುತಕ್ಕನೂ ಬಂದಿದ್ದಳು.

ವಿನುತಕ್ಕ ನನ್ನ ತಂಡದವಳು, ನನಗಿಂತ ಒಂದು ವರ್ಷ ದೊಡ್ಡವಳು. ನಾನು ಕೋಲು ಹಿಡಿದು ಕುಂಟುತ್ತಿದ್ದಾಗ ಹಾಸ್ಟೆಲಿನ ಮೆಟ್ಟಿಲು ಹತ್ತಿಸಿದವಳು ಅವಳು. ದುಬೈಯ ಮಹಿಳಾ ಕ್ಲಬ್ಬೊಂದಕ್ಕೆ ಸಂಬಳದ ಆಟಗಾರ್ತಿಯಾಗಿ ಮೊದಲು ಹೋದವಳೂ ಅವಳೇ. 2013ರಲ್ಲಿ ನನ್ನ ಆಟದ ವೀಡಿಯೊ ತೋರಿಸಿ ನನ್ನನ್ನೂ ಅಲ್ಲಿಗೇ ಕರೆಸಿಕೊಂಡಳು. ಒಡಹುಟ್ಟಿದವರೂ ಅಷ್ಟು ಮಾಡುವುದಿಲ್ಲ ಎಂದು ಅಮ್ಮ ಎಲ್ಲರೊಡನೆ ಹೇಳಿಕೊಂಡು ತಿರುಗುತ್ತಿದ್ದರು.

ದುಬೈಯ ಇಂಟರ್‌ನ್ಯಾಷನಲ್ ಸಿಟಿ ಬಡಾವಣೆಯಲ್ಲಿ ಕಾರ್ಕಳದ ಪ್ರೇಮಕ್ಕನ ಫ್ಲ್ಯಾಟಿನ ಒಂದು ಕೋಣೆಯಲ್ಲಿ ನಾವಿಬ್ಬರೂ ಇದ್ದೆವು. ಶುಕ್ರವಾರ ರಜೆಯಾದ್ದರಿಂದ ಬೆಳಿಗ್ಗೆ ಅದೇ ಫ್ಲ್ಯಾಟಿನಲ್ಲಿ ಭಜನೆ. ಅಕ್ಕಪಕ್ಕದವರಿಗೆ ತೊಂದರೆಯಾಗಬಾರದೆಂದು ಕಿಟಕಿ ಮುಚ್ಚಿ, ತಾಳವನ್ನು ಮೆಲ್ಲಗೆ ಹಾಕುತ್ತಿದ್ದೆವು. ಮಂಗಳಾರತಿಯಾದ ಮೇಲೆ ಯಾರಾದರೊಬ್ಬರು ತಮಗೆ ಒದಗಿದ ದೇವರ ಕೃಪೆಯನ್ನು ಹೇಳಬೇಕು, ಆಮೇಲೆಯೇ ಅವಲಕ್ಕಿ ಪ್ರಸಾದ. ಅದು ನಮ್ಮ ಗುಂಪಿನ ಪದ್ಧತಿ.

2014ರ ನವರಾತ್ರಿಯಲ್ಲಿ ನನ್ನ ಸರದಿ ಬಂತು. ಇಂಥ ಕಡೆ ನಾವೆಲ್ಲ ಮಾಡುವುದನ್ನೇ ನಾನೂ ಮಾಡಿದೆ. ಕಾಯಿಲೆ ದೊಡ್ಡದಾದಷ್ಟೂ ದೇವಿಯ ಮಹಿಮೆ ದೊಡ್ಡದು ಎಂದು ನಮಗೊಂದು ನಂಬಿಕೆ. ಮೊಣಕಾಲು ಎರಡು ತುಂಡಾಗಿತ್ತು ಎಂದೆ. ಡಾಕ್ಟರುಗಳೆಲ್ಲ ಕೈಚೆಲ್ಲಿದ್ದರು ಎಂದೆ. ಹೆಂಗಸರು ಕಣ್ಣೊರೆಸಿಕೊಂಡರು. ವಿನುತಕ್ಕ ಎದುರಿಗೆ ಕೂತು ಫೋನಿನಲ್ಲಿ ಅದನ್ನೆಲ್ಲ ರೆಕಾರ್ಡ್ ಮಾಡುತ್ತಿದ್ದಳು. "ಅಮ್ಮನಿಗೆ ಕಳಿಸುವ, ಖುಷಿಪಡ್ತಾರೆ," ಎಂದಳು. ನನಗೂ ಖುಷಿಯಾಯಿತು.

ಹಬ್ಬ ಮುಗಿದ ವಾರದಲ್ಲಿ ಕ್ಲಬ್ಬಿನ ಮ್ಯಾನೇಜರ್ ಮೇಡಂ ನನ್ನನ್ನು ಕರೆಸಿದರು. ಮೇಜಿನ ಮೇಲಿದ್ದ ಫೋನನ್ನು ನನ್ನ ಕಡೆ ತಿರುಗಿಸಿದರು. ಅದರಲ್ಲಿ ನಾನೇ ಕೈಮುಗಿದುಕೊಂಡು ಅಳುತ್ತಿದ್ದೆ.

"ನಿನ್ನ ಕಾಲನ್ನು ಡಾಕ್ಟರುಗಳು ಕೈಬಿಟ್ಟಿದ್ದರಂತೆ. ನೀನು ಹೇಳಿದ್ದನ್ನು ನಿನ್ನ ಗೆಳತಿ ನನಗೆ ಅರ್ಥ ಹೇಳಿಕೊಟ್ಟಳು. ದೇವರಿಗೆ ಬೆಳ್ಳಿಯ ಕಾಲು ಕೊಟ್ಟೆಯಂತಲ್ಲ," ಎಂದು ನಕ್ಕರು. ಕಾಲು ಈಗ ಗಟ್ಟಿಯಾಗಿದೆ, ಬೇಕಾದರೆ ಪರೀಕ್ಷೆ ಮಾಡಿಸಿ ಎಂದೆ. ಅವರು ಆಗಲೇ ಫೋನನ್ನು ಎತ್ತಿಟ್ಟುಕೊಂಡಿದ್ದರು. "ಖಲಾಸ್. ವೀಸಾ ಕ್ಯಾನ್ಸಲ್ ಮಾಡುತ್ತೇವೆ," ಎಂದರು.

ಕೋಣೆಗೆ ಬಂದಾಗ ವಿನುತಕ್ಕ ಒಣಗಿದ ಬಟ್ಟೆ ಮಡಚುತ್ತಿದ್ದಳು. ಅದರಲ್ಲಿ ನನ್ನ ಬಟ್ಟೆಯೂ ಇತ್ತು. ಯಾಕೆ ಹೀಗೆ ಮಾಡಿದೆ ಎಂದು ಕೇಳಿದೆ.

"ನಾನೆಂತ ಸುಳ್ಳು ಹೇಳಿದ್ದಾ? ನಿನ್ನ ಬಾಯಲ್ಲೇ ಬಂದದ್ದಲ್ವಾ?" ಎಂದಳು. ಬಟ್ಟೆ ಮಡಚುತ್ತಾ ತಲೆ ಎತ್ತದೆಯೇ ಹೇಳಿದಳು: "ಹೊರದೇಶದವರಿಗೆ ತಂಡದಲ್ಲಿ ಎರಡೇ ಜಾಗ ಇರುದು. ಈಗ ಅಮೆರಿಕದವಳು ಬರ್ತಾಳೆ. ನಮ್ಮಿಬ್ಬರಲ್ಲಿ ಒಬ್ಬಳು ಹೋಗ್ಲೇಬೇಕಿತ್ತು. ನೀನು ನನಗಿಂತ ಉದ್ದ ಮಾರಾಯ್ತಿ, ನಿನಗೆ ಬೇರೆ ಕಡೆ ಸಿಗ್ತದೆ. ನನಗೆ ಯಾರು ಕೊಡ್ತಾರೆ?"

ಡಾಕ್ಟರು ಕೈಚೆಲ್ಲಿರಲಿಲ್ಲ ಎಂಬುದು ನನ್ನಷ್ಟೇ ಚೆನ್ನಾಗಿ ಅವಳಿಗೂ ಗೊತ್ತಿತ್ತು. ಡಾಕ್ಟರು ಆಡಬಹುದು ಎಂದ ದಿನ ಆಸ್ಪತ್ರೆಯ ಬೆಂಚಿನಲ್ಲಿ ನನ್ನ ಪಕ್ಕ ಕೂತಿದ್ದವಳು ಅವಳೇ. ಎರಡು ದಿನ ಬಿಟ್ಟು ಅವಳು ಬೇರೆ ಕೋಣೆ ನೋಡಿಕೊಂಡು ಹೋದಳು. ನನ್ನ ಬಟ್ಟೆಯನ್ನು ಮಾತ್ರ ನೀಟಾಗಿ ಮಡಚಿ ಮಂಚದ ಮೇಲೆ ಇಟ್ಟಿದ್ದಳು. ಅದನ್ನು ನೋಡಿ ನನಗೆ ಮೈ ಉರಿಯಿತು.

ಅವಳ ಮೇಲಿನದಕ್ಕಿಂತ ಹೆಚ್ಚು ಕೋಪ ಬಂದದ್ದು ದೇವಿಯ ಮೇಲೆ. ನಾನು ಹೊಗಳಿದ್ದು ದೇವಿಯನ್ನು. ಅವಳ ಪಟದ ಎದುರಲ್ಲೇ ಇದೆಲ್ಲ ಆಗುವಾಗ ಅವಳು ನೋಡಿಕೊಂಡು ಸುಮ್ಮನಿದ್ದಳಲ್ಲ! ಮುಂದಿನ ಶುಕ್ರವಾರ ಭಜನೆ ಶುರುವಾಗುತ್ತಲೇ ನಾನು ಕೆಳಗಿಳಿದು ಬಸ್‌ಸ್ಟಾಪಿನಲ್ಲಿ ಕೂತೆ. ವೀಸಾ ಕ್ಯಾನ್ಸಲ್ ಆದರೆ ತಿಂಗಳೊಳಗೆ ಊರು ಸೇರಬೇಕು. ಕುಂಟುಗಾಲಿನವಳು ಎಂಬ ಹೆಸರು ಹೊತ್ತು ಹೋದರೆ ಮತ್ತೆ ಯಾವ ತಂಡವೂ ನನ್ನನ್ನು ಕರೆಯುವುದಿಲ್ಲ ಎಂಬುದು ಖಾತ್ರಿಯಿತ್ತು.

ಪ್ರೇಮಕ್ಕ ನನ್ನನ್ನು ಹುಡುಕಿಕೊಂಡು ಬಂದರು. ಅವರಿಗೆ ಎಲ್ಲ ಗೊತ್ತಾಗಿತ್ತು.

"ದೇವಿಯ ಮೇಲೆ ಕೋಪ ಉಂಟಾ? ಹಾಗಾದ್ರೆ ಅವಳ ಎದುರಿಗೇ ಕೂತು ಬೈ. ಬಸ್‌ಸ್ಟಾಪಲ್ಲಿ ಕೂತು ಎಂತ ಮಾಡ್ತಿ?" ಎಂದರು.

ಎಲ್ಲರೂ ಹೋದ ಮೇಲೆ ಹಾಗೆಯೇ ಮಾಡಿದೆ. ದೀಪ ಹಚ್ಚಲಿಲ್ಲ, ಕೈಯನ್ನೂ ಮುಗಿಯಲಿಲ್ಲ. ಬಾಯಿಗೆ ಬಂದದ್ದನ್ನೆಲ್ಲ ಅಂದೆ. ಬೈದು ಬೈದು ಸುಸ್ತಾದ ಮೇಲೆ ಕೊನೆಗೆ ಒಂದೇ ಮಾತು ಉಳಿಯಿತು. "ಇವರು ನನ್ನ ಬಾಯಿಮಾತು ಕೇಳಿ ತಳ್ಳಿದರು. ನನ್ನ ಕಾಲು ನೋಡುವವರು ಒಬ್ಬರನ್ನು ಕೊಡು." ಅದನ್ನು ಪ್ರಾರ್ಥನೆ ಎನ್ನಬಹುದೋ ಇಲ್ಲವೋ ನನಗೆ ಗೊತ್ತಿಲ್ಲ, ಜಗಳದಂತೆಯೇ ಇತ್ತು.

ಮರುವಾರ ಗುರುತಿಲ್ಲದ ನಂಬರಿನಿಂದ ಫೋನ್ ಬಂತು. ಅಬುಧಾಬಿಯ ಒಂದು ಕ್ಲಬ್ಬಿನ ಕೋಚ್ ರೀಮಾ, ಲೆಬನಾನಿನವರು. "ಬೆಳ್ಳಿಯ ಕಾಲು ಕೊಟ್ಟ ಹುಡುಗಿ ನೀನೇನಾ?" ಎಂದರು ಇಂಗ್ಲಿಷಿನಲ್ಲಿ. ನಮ್ಮ ಮ್ಯಾನೇಜರ್ ಮೇಡಂ ಆ ವೀಡಿಯೊವನ್ನು ಬೇರೆ ಕ್ಲಬ್ಬಿನವರಿಗೂ ತೋರಿಸಿ ನಗಾಡಿದ್ದರಂತೆ. ನನಗೆ ಫೋನ್ ಇಟ್ಟುಬಿಡುವಷ್ಟು ಅವಮಾನವಾಯಿತು. ಅಷ್ಟರಲ್ಲಿ ರೀಮಾ, "ನಾಳೆ ಬಾ. ಬರುವಾಗ ಶೂ ತಾ," ಎಂದರು.

ಅಬುಧಾಬಿ ಬಸ್ಸಿನಲ್ಲಿ ದಾರಿಯುದ್ದಕ್ಕೂ ಮೊಣಕಾಲಿನ ಮೇಲೆ ಕೈಯಿಟ್ಟುಕೊಂಡೇ ಕೂತಿದ್ದೆ. ಖಲೀಫಾ ಸಿಟಿಯ ಒಂದು ಶಾಲೆಯ ಒಳಾಂಗಣದಲ್ಲಿ ಅವರ ಪ್ರಾಕ್ಟೀಸ್. ರೀಮಾ ಹೆಚ್ಚು ಮಾತಾಡಲಿಲ್ಲ. ಎಡಗಾಲೊಂದರ ಮೇಲೇ ಹಾರಿಸಿದರು, ಅದೇ ಕಾಲಿನ ಮೇಲೆ ಇಳಿಸಿದರು, ಓಡಿಸಿ ತಟ್ಟನೆ ತಿರುಗಿಸಿದರು. ಆಮೇಲೆ ನೆಲದಲ್ಲಿ ಕೂತು ಬೆರಳಿನಿಂದ ಮೊಣಕಾಲಿನ ಸುತ್ತ ಒತ್ತಿ ನೋಡಿದರು.

"ಡಾಕ್ಟರುಗಳು ಕೈಬಿಟ್ಟಿದ್ದು ನಿಜವಾ?"

"ಇಲ್ಲ. ಅದು ನಾನು ಸೇರಿಸಿದ್ದು."

ಅವರು ಜೋರಾಗಿ ನಕ್ಕರು. ತಮ್ಮ ಪ್ಯಾಂಟನ್ನು ಮೇಲಕ್ಕೆ ಸರಿಸಿ ಮೊಣಕಾಲು ತೋರಿಸಿದರು. ನನ್ನದರಂತೆಯೇ ಹೊಲಿಗೆಯ ಗುರುತು ಅಲ್ಲಿತ್ತು. "ನಾನೂ ಎಲ್ಲರಿಗೂ ಹಾಗೆಯೇ ಸೇರಿಸಿ ಹೇಳುವುದು. ಇದಾದ ಮೇಲೂ ಆಡಿದವರು ಎಷ್ಟು ಗಟ್ಟಿಯವರೆಂದು ನನಗೆ ಗೊತ್ತು, ಅದಕ್ಕೇ ಕರೆದೆ," ಎಂದರು. ಅದೇ ಊರಿನ ಖಾಲಿದಿಯಾ ಎಂಬಲ್ಲಿನ ಆಸ್ಪತ್ರೆಯೊಂದರಲ್ಲಿ ಸ್ಕ್ಯಾನ್ ಮಾಡಿಸಿದರು. ಡಾಕ್ಟರು ನೋಡಿ ಲಿಗಮೆಂಟ್ ಗಟ್ಟಿಯಾಗಿದೆ ಎಂದರು. ನಾನು ಊರಿಗೆ ಹೊರಡಬೇಕಾಗಿದ್ದ ದಿನಗಳಲ್ಲಿ ಹೊಸ ಕ್ಲಬ್ಬಿನ ವೀಸಾ ಕೈಗೆ ಬಂತು. ನನ್ನನ್ನು ಹಾಳುಮಾಡಲು ತೆಗೆದ ವೀಡಿಯೊವನ್ನೇ ದೇವಿ ನನ್ನ ಕಾಲು ನೋಡುವವರ ಬಳಿಗೆ ಕಳುಹಿಸಿದ್ದಳು. ಅವಳು ಸುಮ್ಮನೆ ನೋಡುತ್ತಾ ಕೂತಿರಲಿಲ್ಲ. ಅಂದಿನಿಂದ ಅವಳನ್ನು ಒಂದು ದಿನವೂ ಅನುಮಾನಿಸಿಲ್ಲ.

ಚಳಿಗಾಲ ಮುಗಿಯುವ ಹೊತ್ತಿಗೆ ನಮ್ಮ ತಂಡಕ್ಕೂ ಹಳೆಯ ಕ್ಲಬ್ಬಿಗೂ ಪಂದ್ಯ ಬಿತ್ತು. ನನ್ನನ್ನು ತಡೆಯಲು ನಿಂತವಳು ವಿನುತಾ. ಪಂದ್ಯದುದ್ದಕ್ಕೂ ನನ್ನನ್ನು ಎಡಕ್ಕೇ ಒತ್ತಿದಳು, ಭಾರವೆಲ್ಲ ಆ ಕಾಲಿನ ಮೇಲೆ ಬೀಳುವಂತೆ. ಆ ಕಾಲಿನ ಮೇಲೇ ಎದ್ದು ಮತ್ತೆ ಮತ್ತೆ ಬುಟ್ಟಿಗೆ ಹಾಕಿದೆ. ನಾವು ಗೆದ್ದೆವು. ಕೈಕುಲುಕುವಾಗ ಅವಳು ನನ್ನ ಕೈ ಬಿಡದೆ, "ಕಾಲು ನೋಯ್ಲಿಲ್ವಲ್ಲ?" ಎಂದು ಕೇಳಿದಳು. ಕೇಳಿದ ರೀತಿ ಹಾಸ್ಟೆಲಿನ ದಿನಗಳದ್ದೇ. ನಾನು ಕೈ ಎಳೆದುಕೊಂಡು ಬಂದೆ.

ದೇವಿ ಅವಳಿಗೆ ಬುದ್ಧಿ ಕಲಿಸುತ್ತಾಳೆ ಎಂದು ಭಜನೆಯವರು ನನ್ನನ್ನು ಸಮಾಧಾನ ಮಾಡುತ್ತಿದ್ದರು. ಹಾಗೇನೂ ಆಗಲಿಲ್ಲ. ಅವಳು ಚೆನ್ನಾಗಿಯೇ ಆಡುತ್ತಿದ್ದಾಳೆ. ಏನಾದರೂ ಆಗಲಿ ಎಂದು ನಾನು ಕಾದದ್ದು ಹೌದು, ದೇವಿ ಆ ಮಾತನ್ನು ಕಿವಿಗೆ ಹಾಕಿಕೊಳ್ಳಲಿಲ್ಲ.

ಈಗ ದಿನವೂ ದೀಪ ಹಚ್ಚಿ ಒಬ್ಬೊಬ್ಬರ ಹೆಸರು ಹೇಳಿ ಒಳ್ಳೆಯದು ಮಾಡು ಎಂದು ಬೇಡುತ್ತೇನೆ. ಅಮ್ಮ, ಪ್ರೇಮಕ್ಕ, ರೀಮಾ. ವಿನುತಕ್ಕನ ಹೆಸರು ಬರುವಲ್ಲಿ ನಾಲಿಗೆ ಏಳುವುದಿಲ್ಲ. ಕಾಲು ಸರಿಮಾಡಿದ ದೇವಿ ಇದನ್ನೂ ಸರಿಮಾಡುತ್ತಾಳೆ ಎಂಬ ನಂಬಿಕೆಯಿದೆ. ಅಲ್ಲಿಯವರೆಗೆ, ಇದನ್ನು ಓದಿದ ಭಕ್ತರಲ್ಲಿ ಯಾರಾದರೂ ನನ್ನ ಬದಲಿಗೆ ಅವಳ ಹೆಸರು ಹೇಳಿ ದೇವಿಗೆ ಒಂದು ಸಲ ಕೈಮುಗಿಯಿರಿ.