ತಂಗಿಗೆ ಕೊಟ್ಟ ಪದ

ನಿನ್ನೆ ಬೆಳಿಗ್ಗೆ ಅಂಗಳ ಗುಡಿಸಿದೆ. ಎಮ್ಮೆಗೆ ಹತ್ತಿಕಾಳು ಇಟ್ಟೆ. ಥೈರಾಯ್ಡ್ ಮಾತ್ರೆ ನುಂಗಿ, ಅರ್ಧ ತಾಸು ಕಾದು ಚಹಾ ಗುಟುಕು ಗುಟುಕಾಗಿ ಕುಡಿದೆ. ಶೂಟಿಂಗ್‌ಗೆಂದು ಪಡಸಾಲೆಯಲ್ಲಿ ಜಮಖಾನೆ ಹಾಸಿದೆ. ತಂಗಿ ಗಿರಿಜಾಳಿಗೆ ನನ್ನದೇ ಇಳಕಲ್ ಸೀರೆ ತೆಗೆದುಕೊಟ್ಟೆ.

ಹಾಡುವವಳು ಅವಳು.

ನಾಲ್ಕು ತಿಂಗಳ ಹಿಂದೆ ನನ್ನ ಕೊರಳಲ್ಲಿ ಗಂಟು ಕೈಗೆ ಹತ್ತಿತು. ಹುಬ್ಬಳ್ಳಿಯಲ್ಲಿ ಆಪರೇಶನ್ ಆಯಿತು. ಕೆಟ್ಟ ಗಂಟಲ್ಲವೆಂದು ಬಯಾಪ್ಸಿ ರಿಪೋರ್ಟ್ ಬಂತು. ಆದರೆ ಎಚ್ಚರವಾಗಿ ನೀರು ಕೇಳಿದರೆ ಬಾಯಿಂದ ಬರೀ ಗಾಳಿ.

“ಗಂಟು ನರಕ್ಕ ಹತ್ತಿಕೊಂಡಿತ್ರಿ. ಒಂದು ವೋಕಲ್ ಕಾರ್ಡ್ ಅಲ್ಲಾಡವಲ್ದು. ವರ್ಷದೊಳಗ ದನಿ ಬಂದ್ರ ಬಂತು,” ಎಂದರು ಡಾಕ್ಟರು.

ನಮ್ಮ ಯಜಮಾನರು ಭಜನಾ ಮೇಳದ ಹಾರ್ಮೋನಿಯಂ ಮಾಸ್ತರರು. ಯಮನೂರು ದರ್ಗಾಕ್ಕೆ ನಡೆದು ಬರುವ ಭಕ್ತರ ಮೇಲೆ ಒಂದು ಡಾಕ್ಯುಮೆಂಟರಿ ಮಾಡಿದಂದಿನಿಂದ ಕ್ಯಾಮೆರಾ ಕೆಳಗಿಟ್ಟಿಲ್ಲ. ಈಗಿನ ಚಿತ್ರ ನಮ್ಮದೇ ಮನೆಯದು, ಮೇಳದ್ದು. ಆ ಮೇಳದಲ್ಲಿ ಇಪ್ಪತ್ತು ವರ್ಷ ಮುಂದೆ ಕುಳಿತು ಹಾಡಿದವಳು ನಾನು. ನಾನೊಂದು ಸಾಲು ಹೇಳಿದರೆ ಗಿರಿಜಾ ಮತ್ತು ಉಳಿದವರು ಅದನ್ನೇ ತಿರುಗಿ ಹೇಳುತ್ತಿದ್ದರು. ಮೊಬೈಲ್‌ನಲ್ಲಿ ರೆಕಾರ್ಡ್ ಆಗಿದ್ದ ನನ್ನ ಹಳೆಯ ದನಿಯನ್ನೇ ಚಿತ್ರಕ್ಕೆ ಹಾಕಿರೆಂದು ಚೀಟಿ ಬರೆದುಕೊಟ್ಟೆ.

“ಮೊಬೈಲ್‌ನ್ಯಾಗಿಂದು ಬರೇ ಗರ್ ಅಂತೈತಿ. ಗಿರಿಜಾ ಹಾಡ್ಲಿ ಬಿಡು,” ಎಂದರು.

ಬಿಡು ಎನ್ನುವುದು ಅವರಿಗೆ ಸುಲಭ. ಅವರ ಬೆರಳು ಅವರ ಬಳಿಯೇ ಇವೆ. ಹೊಲಿಗೆ ಹಾಕಿದ ಗಾಯ ಎರಡು ವಾರದಲ್ಲಿ ಮಾಯಿತು. ಗಿರಿಜಾ ಅಡುಗೆಮನೆಯಲ್ಲಿ ಗುನುಗಿದರೆ ಮಾತ್ರ ಈಗಲೂ ನನ್ನ ಕೊರಳು ಉರಿಯುತ್ತದೆ.

ಯಜಮಾನರು ಸ್ಟ್ಯಾಂಡಿನ ಮೇಲಿನ ಕ್ಯಾಮೆರಾ ಚಾಲೂ ಮಾಡಿ ಹಾರ್ಮೋನಿಯಂ ಮುಂದೆ ಕುಳಿತರು. ಹಾರ್ಮೋನಿಯಂ ಎರಡು ಸುತ್ತು ಬಂತು. ಗಿರಿಜಾ ಬಾಯಿ ತೆರೆಯಲಿಲ್ಲ.

“ಯಾಕಬೇ, ಬಾಯಾಗ ಬೆಲ್ಲ ಇಟ್ಕೊಂಡೀಯೇನು?” ಎಂದರು ಯಜಮಾನರು.

“ಅಕ್ಕ ಮೊದಲ ಹೇಳ್ತಾಳಂತ ಕಾಯಾಕತ್ತಿದ್ದೆ ರೀ ಮಾಮಾ,” ಎಂದಳು.

ಸುತ್ತ ಕುಳಿತಿದ್ದ ಮೇಳದವರೆಲ್ಲ ನಕ್ಕರು. ನನಗೆ ಖುಷಿಯಾಯಿತು. ಸುಳ್ಳು ಯಾಕೆ ಬರೆಯಲಿ, ಅಗದಿ ಖುಷಿಯಾಯಿತು.

ಎರಡನೆಯ ಸಲವೂ ಹಾಗೇ ಕುಳಿತಳು. ನಾನು ಸುಮ್ಮನಿದ್ದರೆ ಶೂಟಿಂಗ್ ನಿಲ್ಲುತ್ತದೆ, ನನ್ನ ಜಾಗ ಖಾಲಿಯೇ ಉಳಿಯುತ್ತದೆ ಎಂದು ಲೆಕ್ಕ ಹಾಕಿದೆ. ಆಗ ಅವಳು ಹಣೆಯ ಬೆವರು ಒರೆಸಿಕೊಂಡು ನನ್ನತ್ತ ತಿರುಗಿದಳು.

“ಅಕ್ಕಾ, ಬಾಯಿ ಅಷ್ಟ ಆಡ್ಸು. ನೋಡಿ ಹಿಡೀತೀನಿ.”

ಕ್ಯಾಮೆರಾದ ಬಾಜು ಹೋಗಿ ಅವಳೆದುರು ಕುಳಿತೆ. ದನಿಯಿಲ್ಲದೆ, ಬರೀ ತುಟಿಯಲ್ಲಿ ಮೊದಲ ಸಾಲು ಹೇಳಿದೆ. ಅವಳು ಎತ್ತಿಕೊಂಡಳು. ನನಗಿಂತ ಮೇಲಿನ ಶ್ರುತಿಯಲ್ಲಿ, ನನಗಿಂತ ಸ್ವಚ್ಛವಾಗಿ.

ಹೊಟ್ಟೆ ಉರಿಯಿತು. ಎರಡನೆಯ ಸಾಲು ಕೊಟ್ಟೆ. ಪದ ಮುಗಿಯುವ ತನಕ ಕೊಟ್ಟೆ.

ಸಂಜೆ ಗಟ್ಟಿ ನುಚ್ಚು, ಪುಂಡಿಪಲ್ಯ. ತೆಳ್ಳಗಿನದೇನಾದರೂ ಕುಡಿದರೆ ನನಗಿನ್ನೂ ಠಸಕಿ ಹತ್ತಿ ಕೆಮ್ಮು ಬರುತ್ತದೆಂದು ಗಿರಿಜಾ ತನ್ನ ಪಾಲಿನ ಕೆನೆಮೊಸರನ್ನೂ ನನ್ನ ತಾಟಿಗೇ ಹಾಕಿದಳು. ತಾಟು ಬಳಿದು ಉಂಡೆ. ಆಪರೇಶನ್ ಆದಾಗಿನಿಂದ ಎಲ್ಲರೂ ಮಲಗಿದ ಮೇಲೂ ಎಚ್ಚರವಿರುತ್ತಿದ್ದವಳು, ನಿನ್ನೆ ಎಲ್ಲರಿಗಿಂತ ಮೊದಲು ನಿದ್ದೆ ಹೋದೆ.