ಅತ್ತೆಯವರನ್ನು ಹಿಡಿದುಕೊಟ್ಟ ಹುಡುಗಿ

ಕಮಲಾಪುರದ ಹೈಸ್ಕೂಲಿನಲ್ಲಿ ನಾನು ಸಮಾಜ ವಿಜ್ಞಾನ ಕಲಿಸುತ್ತೇನೆ. ಒಮ್ಮೆ ಮಕ್ಕಳಲ್ಲಿ ದೇಶದ ಭದ್ರತೆಯ ಅರಿವು ಮೂಡಿಸಬೇಕೆಂದು ಮೇಲಿನಿಂದ ಸುತ್ತೋಲೆ ಬಂತು. ಅದಕ್ಕೊಂದು ಅಣಕು ಪರೀಕ್ಷೆ: ಅಪರಿಚಿತರೊಬ್ಬರು ಶಾಲೆಯೊಳಗೆ ಬಂದು ಚೀಲ ಇಟ್ಟು ಹೋಗಬೇಕು, ಮಕ್ಕಳು ಗುರುತಿಸಬೇಕು. ಪಾಠದ ಹೊಣೆ ನನ್ನ ತಲೆಗೆ ಬಂತು. ಫೋನಿನಲ್ಲಿ ಯಾರೋ ಕಳಿಸಿದ್ದ ಪಟ್ಟಿಯೊಂದನ್ನು ಹಿಂದುಮುಂದು ನೋಡದೆ ಬೋರ್ಡಿನ ಮೇಲಿಳಿಸಿ ಬಾಯಿಪಾಠ ಮಾಡಿಸಿದೆ. ಶಂಕಿತರು ವಿಪರೀತ ಪ್ರಶ್ನೆ ಕೇಳುತ್ತಾರೆ, ಕಾರಣವಿಲ್ಲದೆ ತಿನ್ನಲು ಕೊಡುತ್ತಾರೆ, ಒಬ್ಬೊಬ್ಬರ ಹತ್ತಿರ ಒಂದೊಂದು ಭಾಷೆ ಆಡುತ್ತಾರೆ.

ಈಗ ಅಪರಿಚಿತರೊಬ್ಬರು ಬೇಕೆಂಬ ಮಾತು ಸ್ಟಾಫ್ ರೂಮಿನಲ್ಲಿ ಎದ್ದಿತು.

“ನಮ್ಮ ತಮ್ಮ ಮನ್ಯಾಗೇ ಅದಾನ್ರಿ,” ಎಂದರು ಉರ್ದು ಟೀಚರ್. ಕಲಬುರಗಿಯ ಮುಸ್ಲಿಂ ಓಣಿ ಮೋಮಿನಪುರದವರು, ದಿನಾ ಅಲ್ಲಿಂದ ನನ್ನ ಜೊತೆ ಬಸ್ಸಿಗೆ ಬರುವವರು. ಮರುಗಳಿಗೆ ತಾವೇ ನಕ್ಕರು. “ಬ್ಯಾಡ ಬಿಡ್ರಿ. ಅವನ್ನ ಹಿಡದ್ರ ನಾಟಕ ಅಂತ ಯಾರೂ ನಂಬಂಗಿಲ್ಲ.”

ಅವರೇನೋ ನಕ್ಕರು. ನಾವ್ಯಾರೂ ನಗಲಿಲ್ಲ.

ಅಂದು ಸಂಜೆ ಕಲಬುರಗಿಯ ಬ್ರಹ್ಮಪುರದ ನಮ್ಮ ಮನೆಯಲ್ಲಿ ಇದನ್ನು ಹೇಳಿದಾಗ ಎಪ್ಪತ್ತು ದಾಟಿದ ನಮ್ಮ ಅತ್ತೆ ಸೊಪ್ಪು ಬಿಡಿಸುವುದನ್ನು ನಿಲ್ಲಿಸಿದರು.

“ನಾನೇ ಬರ್ತೀನಿ. ನಿಮ್ಮ ಸಾಲಿ ನಾ ಇನ್ನಾ ನೋಡೇ ಇಲ್ಲ.”

“ಅತ್ತಿ, ಚೀಲ ಇಟ್ಟು ಸುಮ್ನ ಹೋಗಬೇಕ್ರಿ. ಯಾರ ಜೋಡೀನೂ ಮಾತಾಡಬಾರದು.”

“ನಾ ಯಾಕ ಮಾತಾಡ್ಲಿ?”

ಮರುದಿನ ಮೂರನೇ ಪೀರಿಯಡ್ಡಿಗೆ ನನಗೆ ಬುಲಾವ್ ಬಂತು. ಹೋಗಿ ನೋಡಿದರೆ ಗ್ರಂಥಾಲಯಕ್ಕೆ ಹೊರಗಿನಿಂದ ಚಿಲಕ. ಕಿಟಕಿಯ ಸರಳಿನ ಹಿಂದೆ ಅತ್ತೆಯವರ ಮುಖ. ಬಾಗಿಲಿಗೆ ಅಡ್ಡವಾಗಿ ಎಂಟನೇ ಕ್ಲಾಸಿನ ಹುಡುಗಿ, ಪಕ್ಕದ ತಾಂಡಾದವಳು, ಕೈಯಲ್ಲಿ ಮರದ ಸ್ಕೇಲು. ಅಂಗಳದ ಬೇವಿನ ಮರದಡಿ ಇದ್ದ ಚೀಲದ ಸುತ್ತ ಆಗಲೇ ಸುಣ್ಣದ ಗೆರೆ. ಹೆಡ್ ಮೇಡಂ, ಉರ್ದು ಟೀಚರ್ ಇಬ್ಬರೂ ಬಂದು ನಿಂತಿದ್ದರು.

ಹುಡುಗಿ ಒಂದೇ ಉಸಿರಿನಲ್ಲಿ ವರದಿ ಒಪ್ಪಿಸಿದಳು. “ಮೇಡಂ, ಈ ಅಮ್ಮ ಗೇಟಿಗೆ ಎಷ್ಟೊತ್ತಿಗೆ ಕೀಲಿ ಹಾಕ್ತೀರಿ ಅಂತ ಕೇಳಿದ್ರು. ಹೆಡ್ ಮೇಡಂಗ ಮಕ್ಕಳೆಷ್ಟು ಅಂತ ಕೇಳಿದ್ರು. ನನಗ ಬೇಸನ್ ಉಂಡಿ ಕೊಡಾಕ ಬಂದ್ರು.”

“ಮಾರಿ ಸಣ್ಣಗಾಗಿತ್ತು, ಹಸದಾಳ ಅಂತ ಕೊಟ್ಟೆ!” ಅತ್ತೆ ಒಳಗಿನಿಂದ ಕೂಗಿದರು.

“ನನ್ನ ಜೋಡಿ ಕನ್ನಡ, ಫೋನಿನ್ಯಾಗ ಮರಾಠಿ, ಬಿಸಿಯೂಟದ ಅಮ್ಮನ ಜೋಡಿ ಉರ್ದು. ಮೂರು ಭಾಷಾ ಮೇಡಂ!”

ಉರ್ದು ಟೀಚರ್ ಸೆರಗು ಬಾಯಿಗೊತ್ತಿಕೊಂಡರು. “ಹಂಗಂದ್ರ ಇಡೀ ಕಲಬುರಗಿಗೇ ಚಿಲಕಾ ಹಾಕಬೇಕಾಗ್ತದಲ್ಲವಾ! ನೀ ಎಷ್ಟು ಭಾಷಾ ಮಾತಾಡ್ತಿ?”

ಹುಡುಗಿ ಬೆರಳು ಮಡಚತೊಡಗಿದಳು. ಮನೆಯಲ್ಲಿ ಲಂಬಾಣಿ, ಶಾಲೆಯಲ್ಲಿ ಕನ್ನಡ, ಸಂತೆಯಲ್ಲಿ ಉರ್ದು, ಮಾವನ ಊರಿಗೆ ಹೋದರೆ ತೆಲುಗು. ನಾಲ್ಕನೇ ಬೆರಳಿಗೆ ಬರುವಷ್ಟರಲ್ಲಿ ಅವಳ ಮುಖ ಬಿಳಿಚಿತು.

“ನನ್ನೂ ಒಳಗ ಹಾಕ್ತೀರೇನ್ರಿ ಮೇಡಂ?”

“ಹಾಕಲಿ, ಬಾ,” ಎಂದರು ಅತ್ತೆ. “ಇಬ್ರೂ ಕೂತು ಉಂಡಿ ತಿನ್ನೂಣು.”

ಹೆಡ್ ಮೇಡಂ ಸಹ ನಕ್ಕುಬಿಟ್ಟರು. ನನಗೆ ಮಾತ್ರ ನಗು ಬಂದಷ್ಟೇ ನಾಚಿಕೆಯೂ ಆಯಿತು. ಆ ಹುಡುಗಿ ಎಳ್ಳಷ್ಟೂ ತಪ್ಪು ಮಾಡಿರಲಿಲ್ಲ, ನಾನು ಕಲಿಸಿದ್ದನ್ನೇ ಮಾಡಿದ್ದಳು. ಅವಳನ್ನು ಕ್ಲಾಸಿಗೆ ಕರೆದೊಯ್ದು, ಎಲ್ಲರೆದುರು ಬೋರ್ಡಿನ ಮೇಲಿನ ಭಾಷೆಯ ಸಾಲನ್ನು ಅಳಿಸಿದೆ.

“ಇದು ನನ್ನ ತಪ್ಪು. ಯಾರೇ ಇರಲಿ, ಏನು ಮಾಡಾಕತ್ತಾರ ಅನ್ನೂದಷ್ಟ ನೋಡ್ರಿ.”

“ಪ್ರಶ್ನಿ ಕೇಳೂದು ಇರಲೇನ್ರಿ?” ಎಂದಳು ಹುಡುಗಿ.

ಅತ್ತೆ ನೆನಪಾದರು. ಇರಲಿ ಎಂದೆ.

ವಾಪಸು ಬಂದಾಗ ಗ್ರಂಥಾಲಯ ಖಾಲಿ. ಅತ್ತೆ ಅಡುಗೆಕೋಣೆಯ ಹೊಸ್ತಿಲಲ್ಲಿ ಮಣೆ ಹಾಕಿಸಿಕೊಂಡು, ಬೇಳೆಗೆ ಒಗ್ಗರಣೆ ಹೇಗೆ ಕೊಡಬೇಕೆಂದು ಬಿಸಿಯೂಟದಾಕೆಗೆ ಉರ್ದುವಿನಲ್ಲಿ ಪಾಠ ಹೇಳುತ್ತಿದ್ದರು. ನಿಮ್ಮ ಬಸ್ಸಿಗೆ ಹೊತ್ತಾಯಿತು ಎಂದರೆ ಕೈ ಸನ್ನೆಯಲ್ಲೇ ನನ್ನನ್ನು ಹೊರಗೆ ನಿಲ್ಲಿಸಿದರು.